ಕಲ್ಪಿತ ಪಂಚಾಂಗಕ್ಕೊಂದು ಸೂತಕದ ತಿಂಗಳು: ಹಂತ ಹಂತವಾಗಿ ಕಟ್ಟುವ ಬಗೆ

ಫ್ಯಾಂಟಸಿ ಬರೆಯುವವರ ಕರಡುಗಳಲ್ಲಿ ಒಂದು ತಿಂಗಳು ಮತ್ತೆ ಮತ್ತೆ ಕೆಡುತ್ತದೆ. ಇಡೀ ನಾಡು ಒಟ್ಟಿಗೆ ದುಃಖ ಪಡುವ ತಿಂಗಳು. ಅದಕ್ಕೆ ‘ಶೋಕಮಾಸ’ ಎಂದು ಹೆಸರಿಟ್ಟಿರುತ್ತಾರೆ. ಎಲ್ಲರೂ ಕಪ್ಪು ಬಟ್ಟೆ ಉಟ್ಟಿರುತ್ತಾರೆ, ಎಲ್ಲರೂ ಅಳುತ್ತಿರುತ್ತಾರೆ. ಎರಡು ಪುಟ ಕಳೆದರೆ ಅದೇ ಊರಲ್ಲಿ ಸಂತೆ ಜೋರಾಗಿ ನಡೆದಿರುತ್ತದೆ. ಶೋಕದ ತಿಂಗಳು ಬರೆದವರಿಗೇ ಮರೆತುಹೋಗಿರುತ್ತದೆ.

ಇದಕ್ಕೆ ಕಾರಣ ಹಂತಗಳ ಕ್ರಮ. ಬಹಳ ಜನ ಮೊದಲು ದಂತಕಥೆ ಬರೆಯುತ್ತಾರೆ. ಯಾವುದೋ ಯುದ್ಧ, ಸತ್ತ ರಾಜ, ಶಾಪ. ಆಮೇಲೆ ಅದಕ್ಕೆ ಹೊಂದುವ ಆಚರಣೆ ಹುಡುಕುತ್ತಾರೆ. ನೀವು ಉಲ್ಟಾ ಹೋಗಿ. ಮೊದಲು ವರ್ಷದ ಲೆಕ್ಕ, ಆಮೇಲೆ ಒಲೆ, ಆಮೇಲೆ ದುಡ್ಡು. ದಂತಕಥೆ ಆರನೇ ಹಂತದಲ್ಲಿ ಬರಲಿ. ಜನ ಒಂದು ತಿಂಗಳು ಏನನ್ನು ಬಿಟ್ಟು ಬದುಕುತ್ತಾರೆ ಅನ್ನುವುದು ಗೊತ್ತಾದರೆ, ಯಾಕೆ ಬಿಟ್ಟರು ಅನ್ನುವ ಕಥೆ ತಾನಾಗಿ ಬರುತ್ತದೆ.

ಉದಾಹರಣೆಗೆ ಒಂದು ಕಲ್ಪಿತ ನಾಡನ್ನು ಕೊನೆವರೆಗೂ ಇಟ್ಟುಕೊಳ್ಳುತ್ತೇನೆ. ಹೆಸರು ತೊರೆಸೀಮೆ. ಒಂದು ದೊಡ್ಡ ಹೊಳೆ, ದಡದಲ್ಲಿ ಏಳು ಊರು, ಮೇಲೆ ಕುರಿಗಾಹಿಗಳ ಬೆಟ್ಟ. ಅವರ ಸೂತಕದ ತಿಂಗಳ ಹೆಸರು ‘ಮುಳುಗು’.

## ಕೈಲಿ ಇರಬೇಕಾದ ಸಾಮಾನು

ಒಂದು ದೊಡ್ಡ ಹಾಳೆ ತಗೊಳ್ಳಿ. ನಿಮ್ಮ ವರ್ಷಕ್ಕೆ ಎಷ್ಟು ತಿಂಗಳೋ ಅಷ್ಟು ಕಂಬ ಎಳೆಯಿರಿ. ಅಡ್ಡ ಸಾಲುಗಳಲ್ಲಿ ಮಳೆ, ಬೆಳೆ, ಕಣಜದಲ್ಲಿ ಉಳಿದ ಕಾಳು, ಮದುವೆ, ಸಂತೆ, ಕಂದಾಯ ಅಂತ ಬರೆಯಿರಿ. ಇದನ್ನು ‘ವರ್ಷದ ಹಾಳೆ’ ಅನ್ನೋಣ.

ಇನ್ನೊಂದು ಹಾಳೆಯಲ್ಲಿ ಎಂಟು ಮಂದಿಯ ಪಟ್ಟಿ ಮಾಡಿ. ಕಥೆಯ ಮುಖ್ಯ ಪಾತ್ರಗಳನ್ನು ಬಿಡಿ. ಸೂಲಗಿತ್ತಿ, ಅಂಬಿಗ, ಬಡ್ಡಿ ವ್ಯಾಪಾರಿ, ಹೊಸ ಸೊಸೆ, ಹಾಲು ಮಾರುವವಳು, ವಾದ್ಯದವನು, ಪರಊರಿಂದ ಬಂದ ಕೂಲಿ, ಆರೇಳು ವರ್ಷದ ಮಗು. ಇಂಥವರು ಸಾಕು.

ಜೊತೆಗೆ ಮನೆಯ ಗೋಡೆಗೆ ತೂಗು ಹಾಕಿದ ಮಾಮೂಲಿ ಪಂಚಾಂಗದ ಕ್ಯಾಲೆಂಡರ್. ಅನುಮಾನ ಬಂದಾಗೆಲ್ಲ ನೋಡಲು ಬೇಕಾಗುತ್ತದೆ.

## ಹಂತ 1: ತಿಂಗಳು ಸರಿಯುತ್ತದೋ, ಒಂದೇ ಕಡೆ ನಿಲ್ಲುತ್ತದೋ?

ಇದನ್ನು ಮೊದಲೇ ತೀರ್ಮಾನಿಸದೆ ಮುಂದೆ ಹೋಗಬೇಡಿ. ಚಂದ್ರನ ತಿಂಗಳು ಸುಮಾರು 29.5 ದಿನ. ಹನ್ನೆರಡು ತಿಂಗಳಿಗೆ 354 ದಿನ. ಸೂರ್ಯನ ವರ್ಷ 365. ಪ್ರತಿ ವರ್ಷ 11 ದಿನ ಕಡಿಮೆ ಬೀಳುತ್ತದೆ.

ಈ ಕೊರತೆಯನ್ನು ಹಾಗೇ ಬಿಟ್ಟರೆ ತಿಂಗಳು ಸರಿಯುತ್ತದೆ. ಇಸ್ಲಾಮಿ ಪಂಚಾಂಗದಲ್ಲಿ ಆಗುವುದು ಇದೇ. ಮೊಹರಂ ಪ್ರತಿ ವರ್ಷ ಸುಮಾರು 11 ದಿನ ಮುಂಚೆ ಬರುತ್ತದೆ. ಸುಮಾರು 33 ವರ್ಷದಲ್ಲಿ ಎಲ್ಲ ಕಾಲವನ್ನೂ ಸುತ್ತಿ ಮೊದಲಿನ ಜಾಗಕ್ಕೆ ಬರುತ್ತದೆ. ನಮ್ಮ ಚಾಂದ್ರಮಾನ ಪಂಚಾಂಗ ಹಾಗೆ ಬಿಡುವುದಿಲ್ಲ. 19 ವರ್ಷಕ್ಕೆ 7ರ ಲೆಕ್ಕದಲ್ಲಿ ಅಧಿಕ ಮಾಸ ಸೇರಿಸಿ ಸರಿ ಮಾಡುತ್ತದೆ. ಅದಕ್ಕೇ ಆಷಾಢ ಯಾವಾಗಲೂ ಮಳೆಗಾಲದಲ್ಲೇ ಇರುತ್ತದೆ. ಮೂರನೇ ದಾರಿ ಹಳೇ ಈಜಿಪ್ಟಿನದು. 30 ದಿನದ 12 ತಿಂಗಳು, ಕೊನೆಗೆ 5 ಬಿಡಿ ದಿನ. ಇಥಿಯೋಪಿಯಾದಲ್ಲಿ ಇವತ್ತಿಗೂ 5 ಅಥವಾ 6 ದಿನದ ಹದಿಮೂರನೇ ತಿಂಗಳಿದೆ.

ಸರಿಯುವ ತಿಂಗಳಾದರೆ ನಿಮ್ಮ ಊರಿನ ಅಜ್ಜಿ ಅದನ್ನು ಬಿರು ಬೇಸಿಗೆಯಲ್ಲೂ ಕೊಯ್ಲಿನಲ್ಲೂ ಚಳಿಯಲ್ಲೂ ಕಂಡಿರುತ್ತಾಳೆ. ‘ಆ ವರ್ಷ ಸೂತಕ ಕೊಯ್ಲಿಗೆ ಬಂದಿತ್ತು’ ಅನ್ನುವಂಥ ಮಾತು ಅವಳ ಬಾಯಲ್ಲಿ ಬರಬೇಕು. ನಿಂತ ತಿಂಗಳಾದರೆ ಒಂದೇ ಹವೆ, ಒಂದೇ ತರಕಾರಿ, ಒಂದೇ ಕಾಯಿಲೆ ಅದಕ್ಕೆ ಅಂಟಿಕೊಂಡಿರುತ್ತವೆ. ತೊರೆಸೀಮೆಯ ಮುಳುಗು ನಿಂತ ತಿಂಗಳು. ಹೊಳೆ ತುಂಬಿ ಹರಿಯುವಾಗ ಬರುತ್ತದೆ.

ಸಾಮಾನ್ಯ ತಪ್ಪು: ಸರಿಯುವ ತಿಂಗಳನ್ನು ಆರಿಸಿ, ಪ್ರತಿ ಅಧ್ಯಾಯದಲ್ಲೂ ಅದರಲ್ಲಿ ಮಳೆ ಸುರಿಸುವುದು. ಇನ್ನೊಂದು ತಪ್ಪು, ಅಧಿಕ ಮಾಸ ಇಟ್ಟುಕೊಂಡು ಸೂತಕದ ತಿಂಗಳೇ ಎರಡು ಸಲ ಬಂದರೆ ಏನು ಅಂತ ಯೋಚಿಸದೆ ಇರುವುದು. ನಮ್ಮಲ್ಲಿ ಹಬ್ಬಗಳನ್ನು ನಿಜ ಮಾಸದಲ್ಲಿ, ಅಂದರೆ ಅಧಿಕವಲ್ಲದ ತಿಂಗಳಲ್ಲಿ ಮಾಡುತ್ತಾರೆ. ನಿಮ್ಮ ನಾಡಿಗೂ ಒಂದು ನಿಯಮ ಬರೆದಿಡಿ. ಎರಡು ಮುಳುಗು ಬಂದ ವರ್ಷವೇ ಒಂದು ಕಥೆ ಆಗಬಹುದು.

## ಹಂತ 2: ವರ್ಷದ ಹಾಳೆಯಲ್ಲಿ ಜಾಗ ಹುಡುಕಿ

ತುಳುನಾಡಿನ ಆಟಿ ತಿಂಗಳನ್ನು ನೋಡಿ. ಜುಲೈ ಮಧ್ಯದಿಂದ ಆಗಸ್ಟ್ ಮಧ್ಯದವರೆಗೆ. ಅದು ನೇರವಾಗಿ ಶೋಕದ ತಿಂಗಳಲ್ಲ, ಆದರೆ ಹತ್ತಿರದ್ದು. ಶುಭ ಕಾರ್ಯ ಇಲ್ಲ. ಹೊಸದಾಗಿ ಮದುವೆಯಾದವಳು ತವರಿಗೆ ಹೋಗುತ್ತಾಳೆ. ಸತ್ತ ಹಿರಿಯರಿಗೆ ಎಡೆ ಬಡಿಸುತ್ತಾರೆ. ಆಟಿ ಕಳೆಂಜ ಅನ್ನುವ ವೇಷಧಾರಿ ಮನೆಮನೆಗೆ ಬಂದು ಮಾರಿ ಓಡಿಸುತ್ತಾನೆ.

ಈಗ ವರ್ಷದ ಹಾಳೆಯಲ್ಲಿ ಆ ಕಂಬದ ಬೇರೆ ಸಾಲುಗಳನ್ನು ನೋಡಿ. ನಾಟಿ ಮುಗಿದಿರುತ್ತದೆ. ಮಳೆ ಬಿಡುವು ಕೊಡುವುದಿಲ್ಲ. ಹಿಂದೆಲ್ಲ ಮನೆಯ ಅಕ್ಕಿ ತಳ ಕಾಣುತ್ತಿತ್ತು. ಜನ ಕಣಿಲೆ (ಎಳೆ ಬಿದಿರು), ಚಗಟೆ ಸೊಪ್ಪು, ಕೆಸುವಿನ ಎಲೆ, ಉಪ್ಪಿನಲ್ಲಿಟ್ಟ ಹಲಸಿನ ತೊಳೆ ತಿನ್ನುತ್ತಿದ್ದರು. ಹಸಿವು, ಕಾಯಿಲೆ, ಬಿಡುವು ಮೂರೂ ಒಂದೇ ಕಂಬದಲ್ಲಿ ಸೇರಿವೆ. ನಿಷೇಧಗಳು ಆ ಜಾಗಕ್ಕೆ ಸರಿಯಾಗಿ ಕೂರುತ್ತವೆ.

ನಿಮ್ಮ ಹಾಳೆಯಲ್ಲೂ ಅಂಥ ಕಂಬ ಹುಡುಕಿ. ಮುಳುಗಿನ ಕಾಲದಲ್ಲಿ ತೊರೆಸೀಮೆಯ ಹೊಳೆಗೆ ದೋಣಿ ಇಳಿಸುವುದು ಹೇಗಿದ್ದರೂ ಅಪಾಯ. ಹಾಗಾಗಿ ‘ಈ ತಿಂಗಳು ದೋಣಿ ಇಳಿಸಬಾರದು’ ಅನ್ನುವ ಕಟ್ಟಳೆಯನ್ನು ಯಾರೂ ಹೇರಿದ ಹಾಗೆ ಕಾಣುವುದಿಲ್ಲ.

ಎಚ್ಚರಿಕೆ: ತಿಂಗಳು ಕೊಯ್ಲಿನ ಕಂಬಕ್ಕೆ ಬಿದ್ದು, ನೀವು ಎಲ್ಲ ಕೆಲಸ ನಿಲ್ಲಿಸಿದ್ದರೆ, ಮುಂದಿನ ಅಧ್ಯಾಯದಲ್ಲಿ ಆ ನಾಡಿನವರು ಉಪವಾಸ ಬೀಳಬೇಕು. ಬೇಕಂತಲೇ ಕೊಯ್ಲಿಗೆ ಇಟ್ಟಿದ್ದರೆ ಭತ್ತ ಕೊಯ್ಯುವವರು ಯಾರು ಅಂತ ಬರೆಯಿರಿ.

## ಹಂತ 3: ಏನು ನಿಲ್ಲುತ್ತದೆ

ಎಲ್ಲಕ್ಕಿಂತ ಜಾಸ್ತಿ ಹೊತ್ತು ಇಲ್ಲಿ ಕೂತುಕೊಳ್ಳಿ. ಅಳು ಬರೆಯಬೇಡಿ. ನಿಂತುಹೋದದ್ದನ್ನು ಬರೆಯಿರಿ.

ಮೂರೇ ಮೂರು ಸಂಗತಿ ಆರಿಸಿ. ಒಂದು ಕಿವಿಗೆ, ಒಂದು ನಾಲಿಗೆಗೆ, ಒಂದು ಕೈಕಾಲಿಗೆ. ಹತ್ತು ನಿಷೇಧ ಹೇಳಿದರೆ ಓದುಗರಿಗೆ ಒಂದೂ ನೆನಪಿರುವುದಿಲ್ಲ. ತೊರೆಸೀಮೆಯಲ್ಲಿ ತಮಟೆಯನ್ನು ಗೋಡೆ ಕಡೆ ಮುಖ ಮಾಡಿ ತೂಗು ಹಾಕುತ್ತಾರೆ. ಒಗ್ಗರಣೆ ಹಾಕುವುದಿಲ್ಲ. ದೋಣಿ ಮಗುಚಿ ಇಟ್ಟು, ಹುಟ್ಟುಗಳನ್ನು ಅಟ್ಟಕ್ಕೆ ಏರಿಸುತ್ತಾರೆ. ಅಷ್ಟೇ.

ಆಮೇಲೆ ಒಂದೊಂದರ ಅಂಚನ್ನೂ ಗುರುತಿಸಿ. ದೋಣಿ ಇಳಿಸಬಾರದು, ಸರಿ. ಈಜಬಹುದಾ? ದೋಣಿಗೆ ಡಾಂಬರು ಬಳಿಯಬಹುದಾ? ಮಗು ಎಲೆಯ ದೋಣಿ ಬಿಟ್ಟರೆ? ಆಚೆ ದಡದಲ್ಲಿ ಹೆರಿಗೆ ನೋವು ಬಂದರೆ ಸೂಲಗಿತ್ತಿ ಹೇಗೆ ದಾಟುತ್ತಾಳೆ? ಒಗ್ಗರಣೆ ಇಲ್ಲ ಅಂದರೆ ಕಾಯಿಸಿದ ಎಣ್ಣೆ ಇಲ್ಲವೋ, ಸಾಸಿವೆ ಸಿಡಿಯುವ ಸದ್ದು ಮಾತ್ರ ಇಲ್ಲವೋ? ಜನ ಜಗಳ ಆಡುವುದು, ಕದ್ದು ಮಾಡುವುದು, ಒಬ್ಬರನ್ನೊಬ್ಬರು ಕಾಪಾಡುವುದು ಎಲ್ಲ ಈ ಅಂಚುಗಳಲ್ಲೇ.

ನಿಜವಾದ ಆಚರಣೆಗಳು ಇಂಥ ಅಂಚುಗಳ ವಿಷಯದಲ್ಲಿ ಬಹಳ ನಿಖರ. ಆಟಿ ಅಮಾವಾಸ್ಯೆಯ ಬೆಳಗ್ಗೆ ಹಾಲೆ ಮರದ ತೊಗಟೆಯ ಕಷಾಯ ಕುಡಿಯುತ್ತಾರಲ್ಲ, ಆ ತೊಗಟೆಯನ್ನು ಬೆಳಕು ಹರಿಯುವ ಮುಂಚೆ ಕಲ್ಲಿನಿಂದ ಜಜ್ಜಿ ತೆಗೆಯಬೇಕು. ಕತ್ತಿ ಮುಟ್ಟಿಸುವ ಹಾಗಿಲ್ಲ. ಯೆಹೂದಿಗಳು ದೇವಾಲಯ ನಾಶಕ್ಕಾಗಿ ಶೋಕಿಸುವ ಆವ್ ತಿಂಗಳ 9ನೇ ದಿನ ಚರ್ಮದ ಪಾದರಕ್ಷೆ ಹಾಕುವುದಿಲ್ಲ. ಬಟ್ಟೆಯದ್ದಾದರೆ ಆಗಬಹುದು. ಕುರ್ಚಿ ಬಿಟ್ಟು ನೆಲದ ಮೇಲೋ ತಗ್ಗು ಮಣೆಯ ಮೇಲೋ ಕೂರುತ್ತಾರೆ, ಅದೂ ಮಧ್ಯಾಹ್ನದವರೆಗೆ. ಈ ‘ಮಧ್ಯಾಹ್ನದವರೆಗೆ’ ಅನ್ನುವಂಥ ಒಂದು ತುಣುಕು ನಿಮ್ಮ ಕರಡಿಗೂ ಬೇಕು.

ಅಂಚು ಸರಿಯಾಗಿ ಬಿದ್ದರೆ ದೃಶ್ಯ ಬರೆಯುವುದು ಸಲೀಸು. ಬೆಟ್ಟದಿಂದ ಬಂದ ಹೊಸ ಸೊಸೆ ಅಭ್ಯಾಸಬಲದಿಂದ ಬಾಣಲೆ ಇಟ್ಟು, ಎಣ್ಣೆ ಕಾದ ಮೇಲೆ ಚಿಟಿಕೆ ಸಾಸಿವೆ ಹಾಕುತ್ತಾಳೆ. ಚಟಪಟ ಸದ್ದಿಗೆ ಪಕ್ಕದ ಮನೆಯ ಮಾತು ನಿಲ್ಲುತ್ತದೆ. ಅತ್ತೆ ಓಡಿ ಬಂದು ಬರಿಗೈಯಲ್ಲೇ ಬಾಣಲೆ ಕೆಳಗಿಳಿಸುತ್ತಾಳೆ. ಬೈಯುವುದಿಲ್ಲ. ‘ಮುಳುಗು ಕೂತಿದೆ ಕಣಮ್ಮಾ’ ಅಂದು ಸುಟ್ಟ ಬೆರಳನ್ನು ನೀರಿಗೆ ಅದ್ದುತ್ತಾಳೆ. ಇಲ್ಲಿ ಯಾರೂ ಅತ್ತಿಲ್ಲ. ಆದರೂ ತಿಂಗಳ ಭಾರ ಓದುಗರಿಗೆ ಮುಟ್ಟುತ್ತದೆ.

ಬಹುತೇಕ ಎಲ್ಲರೂ ಮರೆಯುವ ಪ್ರಶ್ನೆ ಇದು: ಆ ತಿಂಗಳಲ್ಲೇ ಯಾರಾದರೂ ನಿಜವಾಗಿ ಸತ್ತರೆ? ಇಡೀ ನಾಡಿನ ದುಃಖದಲ್ಲಿ ಅವರ ಸಾವು ಕರಗಿಹೋಗುತ್ತದೋ, ಅದಕ್ಕೆ ವಿಶೇಷ ಗೌರವ ಸಿಗುತ್ತದೋ? ತೊರೆಸೀಮೆಯಲ್ಲಿ ದಹನ ಆಗುತ್ತದೆ, ಉಳಿದ ಕಾರ್ಯ ಎಲ್ಲ ಮುಳುಗು ಎದ್ದ ಮೇಲೆ. ಗಂಡ ತಿಂಗಳ ಎರಡನೇ ದಿನ ತೀರಿಕೊಂಡರೆ ಹೆಂಡತಿ ಇಪ್ಪತ್ತೆಂಟು ದಿನ ಕಾಯಬೇಕು. ಅಷ್ಟು ದಿನವೂ ಊರು ಯಾವುದೋ ಹಳೇ ಸಾವಿಗೆ ದುಃಖ ಪಡುತ್ತಿರುತ್ತದೆ. ಅವಳ ಸಿಟ್ಟನ್ನು ಬರೆಯಿರಿ. ಹುಟ್ಟಿದ ಮಗುವಿನ ವಿಷಯವನ್ನೂ ಇದೇ ಹಾಗೆ ತೀರ್ಮಾನಿಸಿ.

## ಹಂತ 4: ದುಡ್ಡಿನ ಲೆಕ್ಕ

ಎಂಟು ಮಂದಿಯ ಪಟ್ಟಿ ತೆಗೆಯಿರಿ. ಪ್ರತಿಯೊಬ್ಬರ ಮುಂದೆ ಈ ತಿಂಗಳು ಎಷ್ಟು ನಷ್ಟ, ಎಷ್ಟು ಲಾಭ ಅಂತ ಬರೆಯಿರಿ.

ನಮ್ಮ ಆಷಾಢ ಇದಕ್ಕೆ ಒಳ್ಳೇ ಪಾಠ. ಮದುವೆ ಇಲ್ಲ, ಹಾಗಾಗಿ ಓಲಗದವರಿಗೆ, ಅಡುಗೆಯವರಿಗೆ, ಛತ್ರದವರಿಗೆ ಕೆಲಸ ಇಲ್ಲ. ಸೀರೆ ಅಂಗಡಿಗಳು ಸುಮ್ನೆ ಕೂರುವುದಿಲ್ಲ, ‘ಆಷಾಢ ಸೇಲ್’ ಬೋರ್ಡು ಹಾಕುತ್ತವೆ. ಅದೇ ತಿಂಗಳ ಶುಕ್ರವಾರಗಳಂದು ಮೈಸೂರಿನ ಚಾಮುಂಡಿ ಬೆಟ್ಟದಲ್ಲಿ ಕಾಲಿಡಲು ಜಾಗ ಇರುವುದಿಲ್ಲ. ಹೂವು, ನಿಂಬೆಹಣ್ಣು ಮಾರುವವರಿಗೆ ಆಗಲೇ ವ್ಯಾಪಾರ. ಶುಭ ಕಾರ್ಯ ನಿಂತ ತಿಂಗಳಲ್ಲೂ ಕೆಲವರ ಕೈ ತುಂಬಾ ಕೆಲಸ.

ತೊರೆಸೀಮೆಯ ಅಂಬಿಗರಿಗೆ ಮುಳುಗಿನಲ್ಲಿ ಒಂದು ಕಾಸೂ ಹುಟ್ಟುವುದಿಲ್ಲ. ಅವರಿಗೆ ಅನ್ನ ಹಾಕುವವರು ಯಾರು? ದೇವಸ್ಥಾನದ ಕಣಜವಾದರೆ ಅದರ ಬೀಗದ ಕೈ ಯಾರ ಹತ್ತಿರ ಇದೆಯೋ ಅವರೇ ಊರಿನ ಧಣಿ. ಬಡ್ಡಿ ವ್ಯಾಪಾರಿಯಾದರೆ, ಪ್ರತಿ ವರ್ಷ ಪವಿತ್ರ ತಿಂಗಳು ಮುಗಿಯುವಷ್ಟರಲ್ಲಿ ಅಂಬಿಗರ ಕೇರಿ ಸಾಲದಲ್ಲಿ ಬಿದ್ದಿರುತ್ತದೆ. ಕಥಾವಸ್ತು ಹುಡುಕುತ್ತಾ ಒದ್ದಾಡುವವರಿಗೆ ಅದು ಸಿಗುವುದು ಹೆಚ್ಚಾಗಿ ಈ ಹಂತದಲ್ಲೇ. ಇದನ್ನು ಹಾರಿಸಬೇಡಿ.

ಎಚ್ಚರಿಕೆಯ ಗುರುತು: ಎಂಟೂ ಜನಕ್ಕೆ ಒಂದೇ ತರಹದ ಕಷ್ಟ ಅಂತ ಬರೆದಿದ್ದರೆ ಮೂರನೇ ಹಂತಕ್ಕೆ ವಾಪಸ್ ಹೋಗಿ. ನಿಮ್ಮ ನಿಷೇಧಗಳು ಇನ್ನೂ ಮಸುಕಾಗಿವೆ.

## ಹಂತ 5: ದಿನಗಳಿಗೆ ಏರಿಳಿತ ಕೊಡಿ

ಮೂವತ್ತು ದಿನವೂ ಒಂದೇ ತರಹ ಇದ್ದರೆ ತಿಂಗಳು ಸತ್ತ ಹಾಗೆ. ಯೆಹೂದಿಗಳದ್ದು ಮೆಟ್ಟಿಲು ಮೆಟ್ಟಿಲಾಗಿ ಏರುತ್ತದೆ. ತಮ್ಮೂಜ್ ತಿಂಗಳ 17ರಿಂದ ಮೂರು ವಾರ ಹಲವು ಸಮುದಾಯಗಳಲ್ಲಿ ಮದುವೆ ಇಲ್ಲ. ಆವ್ ಒಂದರಿಂದ ಮಾಂಸ, ದ್ರಾಕ್ಷಾರಸ ಬಿಡುವ ರೂಢಿ. ಒಂಬತ್ತನೇ ದಿನ ಪೂರ್ತಿ ಉಪವಾಸ. ಆ ದಿನ ಶನಿವಾರ ಬಿದ್ದರೆ ಉಪವಾಸ ಭಾನುವಾರಕ್ಕೆ ಹೋಗುತ್ತದೆ, ಯಾಕೆಂದರೆ ಶನಿವಾರ ಅವರ ವಾರದ ಪವಿತ್ರ ವಿಶ್ರಾಂತಿ ದಿನ, ಸಬ್ಬತ್ತು. ಆ ದಿನ ಶೋಕ ಕೂಡದು. ಎರಡು ಕಟ್ಟಳೆ ಡಿಕ್ಕಿ ಹೊಡೆದರೆ ಯಾವುದು ಗೆಲ್ಲುತ್ತದೆ ಅನ್ನುವ ಇಂಥ ನಿಯಮ ನಿಮಗೂ ಬೇಕು.

ಉತ್ತರ ಕರ್ನಾಟಕದ ಹಳ್ಳಿಗಳ ಮೊಹರಂ ಇನ್ನೊಂದು ಮಾದರಿ. ಅಲಾಯಿ ಕುಣಿಗೆ (ಬೆಂಕಿ ಹಾಕುವ ಗುಂಡಿ) ಗುದ್ದಲಿ ಹಾಕುವುದು, ದೇವರು (ಪಂಜಾ, ಅಂದರೆ ಕೈಯ ಆಕಾರದ ಲಾಂಛನ) ಕೂರಿಸುವುದು, ಕತ್ತಲ ರಾತ್ರಿ, ಹತ್ತನೇ ದಿನ ದೇವರು ಹೊಳೆಗೆ ಹೋಗುವುದು. ಪ್ರತಿ ಮೆಟ್ಟಿಲಿಗೂ ಒಂದು ಕೆಲಸ ಇದೆ, ಅದನ್ನು ಮಾಡುವ ಜನ ಇದ್ದಾರೆ. ಇನ್ನೊಂದು ಸಂಗತಿಯನ್ನೂ ಗಮನಿಸಿ. ಶಿಯಾ ಮುಸ್ಲಿಮರು ಕಪ್ಪು ಬಟ್ಟೆ ಉಟ್ಟು ಎದೆ ಬಡಿದುಕೊಳ್ಳುವ ಅದೇ ದಿನಗಳಲ್ಲಿ ಈ ಹಳ್ಳಿಗಳಲ್ಲಿ ಹುಲಿವೇಷ, ಹೆಜ್ಜೆ ಕುಣಿತ, ಹರಕೆಗೆ ಫಕೀರರಾಗುವುದು, ಚೊಂಗೆ ಅನ್ನುವ ಸಿಹಿ ತಿಂಡಿ ಎಲ್ಲ ಇರುತ್ತವೆ. ದುಃಖ ಮತ್ತು ಗೌಜು ಒಂದೇ ತಿಂಗಳಲ್ಲಿ ಇರಬಹುದು. ನಿಮ್ಮ ತಿಂಗಳಿಗೆ ಒಂದಾದರೂ ಗದ್ದಲದ ರಾತ್ರಿ ಕೊಡಿ.

ಮುಳುಗಿನ ಮೊದಲ ದಿನ ತಮಟೆ ಗೋಡೆಗೆ ತಿರುಗುತ್ತದೆ. ಎಂಟನೇ ದಿನದಿಂದ ಒಗ್ಗರಣೆ ನಿಲ್ಲುತ್ತದೆ. ಕೊನೆಯ ಮೂರು ರಾತ್ರಿ ದಡದ ಮನೆಗಳಲ್ಲಿ ಹೊಳೆ ಕಡೆಯ ಕಿಟಕಿಗೆ ದೀಪ ಇಡುವುದಿಲ್ಲ.

## ಹಂತ 6: ಈಗ ದಂತಕಥೆ ಬರೆಯಿರಿ

ಒಂದು ಬರೆಯಬೇಡಿ, ಎರಡು ಬರೆಯಿರಿ. ಅವು ಒಂದಕ್ಕೊಂದು ಹೊಂದದೆ ಇದ್ದರೆ ಇನ್ನೂ ಒಳ್ಳೆಯದು. ಕಾಲ ಕಳೆದ ಹಾಗೆ ಒಂದೇ ದಿನದ ಮೇಲೆ ಬೇರೆ ಬೇರೆ ದುಃಖಗಳು ಬಂದು ಕೂರುತ್ತವೆ. ಆವ್ 9ಕ್ಕೆ ಕ್ರಿ.ಪೂ. 6ನೇ ಶತಮಾನದಲ್ಲಿ ಬಾಬಿಲೋನಿನವರು ಕೆಡವಿದ ದೇವಾಲಯದ ನೆನಪೂ ಇದೆ, ಕ್ರಿ.ಶ. 70ರಲ್ಲಿ ರೋಮನ್ನರು ಸುಟ್ಟ ದೇವಾಲಯದ ನೆನಪೂ ಇದೆ. 680ರಲ್ಲಿ ಕರ್ಬಲಾದಲ್ಲಿ ನಡೆದ, ಪ್ರವಾದಿಯ ಮೊಮ್ಮಗ ಹುಸೇನರ ಬಲಿದಾನ ನಮ್ಮ ಹಳ್ಳಿಗಳಲ್ಲಿ ಕನ್ನಡದ ರಿವಾಯತ್ ಪದವಾಗಿದೆ, ಅಂದರೆ ಮೊಹರಂ ಹಾಡಾಗಿದೆ. ಮುಸ್ಲಿಮರ ಮನೆಯೇ ಇಲ್ಲದ ಊರುಗಳಲ್ಲೂ ಜನ ಪಂಜಾ ಹೊರುತ್ತಾರೆ.

ತೊರೆಸೀಮೆಯ ಮೇಲಿನ ಊರುಗಳಲ್ಲಿ ಹೇಳುವ ಕಥೆ: ಮದುವೆ ದಿಬ್ಬಣದ ದೋಣಿ ಮಗುಚಿತು. ಕೆಳಗಿನ ಊರುಗಳಲ್ಲಿ ಹೇಳುವುದೇ ಬೇರೆ: ತಮ್ಮ ಗದ್ದೆ ಉಳಿಸಿಕೊಳ್ಳಲು ಮೇಲಿನವರು ರಾತ್ರಿ ಏರಿ ಒಡೆದರು, ಕೆಳಗಿನ ಕೇರಿ ಕೊಚ್ಚಿಹೋಯಿತು. ಇಬ್ಬರೂ ಒಂದೇ ತಿಂಗಳು ಒಗ್ಗರಣೆ ಬಿಡುತ್ತಾರೆ. ಒಬ್ಬರದ್ದು ದುಃಖ, ಇನ್ನೊಬ್ಬರದ್ದು ಆರೋಪ.

ಹೆಸರು ಗೊತ್ತಿಲ್ಲದ ಸತ್ತವರಿಗೂ ಒಂದು ಜಾಗ ಇಡಿ. ಭಾದ್ರಪದದ ಪಕ್ಷಮಾಸದಲ್ಲಿ ಸತ್ತ ತಿಥಿ ಗೊತ್ತಿಲ್ಲದವರಿಗೆ ಮಹಾಲಯ ಅಮಾವಾಸ್ಯೆ ಇದೆ. ಯಾರನ್ನೂ ಬಿಡದ ಆ ಏರ್ಪಾಡು ನನಗೆ ಬಹಳ ಇಷ್ಟ. ನಿಮ್ಮ ನಾಡಿನವರೂ ತಮ್ಮವರನ್ನು ಹಾಗೆ ನೆನೆಯಲಿ.

## ಹಂತ 7: ಆಚರಿಸದವರನ್ನು ಮರೆಯಬೇಡಿ

ಒಂದು ನಾಡಿನ ಎಲ್ಲರೂ ಒಂದೇ ರೀತಿ ದುಃಖ ಪಡುವುದು ಎಲ್ಲೂ ಇಲ್ಲ. ಕರ್ನಾಟಕದಲ್ಲೇ ನೋಡಿ. ಒಂದು ಮನೆಯಲ್ಲಿ ಸೂತಕದ ದಿನ ಎಣಿಸುತ್ತಿದ್ದರೆ, ಅದೇ ಬೀದಿಯಲ್ಲಿ ಹುಟ್ಟು, ಸಾವು ಮುಂತಾದ ಐದು ಬಗೆಯ ಸೂತಕಗಳನ್ನೇ (ಪಂಚಸೂತಕ) ಒಪ್ಪದ ಲಿಂಗಾಯತ ಪರಂಪರೆ ಇರುತ್ತದೆ. ಇಬ್ಬರೂ ಅಕ್ಕಪಕ್ಕ ಬದುಕುತ್ತಾರೆ.

ತೊರೆಸೀಮೆಯ ಕುರಿಗಾಹಿಗಳಿಗೆ ಮುಳುಗು ಇಲ್ಲ. ಅವರು ಕೆಳಗಿಳಿದು ಬಂದರೆ ತಮಟೆ ಬಡಿಯುವುದಿಲ್ಲ, ಅಷ್ಟು ಮರ್ಯಾದೆ. ಆದರೆ ಬೆಟ್ಟದ ಮೇಲೆ ಒಗ್ಗರಣೆಯ ವಾಸನೆ ಬರುತ್ತಿರುತ್ತದೆ, ಮಕ್ಕಳು ಅತ್ತ ಓಡುತ್ತಾರೆ. ಆಚರಿಸದವರನ್ನು ಖಳರನ್ನಾಗಿ ಮಾಡುವುದು ಸುಲಭದ ತಪ್ಪು. ಊರವರ ಮೂಢತನ ನೋಡಿ ನಗುವ ನಾಯಕನನ್ನು ತರುವುದು ಅಷ್ಟೇ ಸುಲಭದ ಇನ್ನೊಂದು ತಪ್ಪು.

## ಹಂತ 8: ತಿಂಗಳನ್ನು ಎಬ್ಬಿಸಿ

ಶುರುವನ್ನು ಎಲ್ಲರೂ ಚೆನ್ನಾಗಿ ಬರೆಯುತ್ತಾರೆ. ಮುಕ್ತಾಯವನ್ನು ‘ಕೊನೆಗೂ ಶೋಕಮಾಸ ಮುಗಿಯಿತು’ ಅಂತ ಒಂದು ಸಾಲಲ್ಲಿ ಮುಗಿಸುತ್ತಾರೆ. ಎದ್ದ ದಿನಕ್ಕೆ ಒಂದು ಕೆಲಸ, ಅದನ್ನು ಮಾಡುವ ಒಬ್ಬ ಮನುಷ್ಯ ಇರಲೇಬೇಕು. ಮಹಾಲಯ ಅಮಾವಾಸ್ಯೆಯ ಮರುದಿನವೇ ನವರಾತ್ರಿ. ನಿನ್ನೆ ಪಿಂಡ ಇಟ್ಟ ಮನೆಯಲ್ಲಿ ಇವತ್ತು ಗೊಂಬೆ ಕೂರಿಸುತ್ತಾರೆ. ಶಿಯಾ ಮುಸ್ಲಿಮರದ್ದು ಹಾಗಲ್ಲ. ಮೊಹರಂ ಹತ್ತಾದ ಮೇಲೂ ಶೋಕ ಮುಂದುವರಿದು, ಸಫರ್ ತಿಂಗಳ 20ರಂದು ನಲವತ್ತನೇ ದಿನದ ಆಚರಣೆ ಅರ್ಬಯೀನ್ ಬರುತ್ತದೆ. ನಿಮ್ಮದು ಥಟ್ಟನೆ ಮುಗಿಯುತ್ತದೋ, ಬಾಲ ಬಿಡುತ್ತದೋ, ನೋಡಿ.

ಮುಳುಗು ಏಳುವ ಬೆಳಗ್ಗೆ ಅಂಬಿಗರ ಕೇರಿಯ ಹಿರಿಯಳು ಮೊದಲ ದೋಣಿಗೆ ಹುಟ್ಟು ಹಾಕುತ್ತಾಳೆ. ಅವಳು ಒಂದು ಸುತ್ತು ಹೋಗಿ ಬರುವವರೆಗೆ ಉಳಿದ ಯಾರೂ ಹೊಳೆ ಮುಟ್ಟುವ ಹಾಗಿಲ್ಲ. ಅವಳು ಆ ವರ್ಷ ಕಾಯಿಲೆ ಮಲಗಿದ್ದರೆ, ಅಥವಾ ಸಾಲ ಮನ್ನಾ ಆಗದೆ ಹುಟ್ಟು ಹಿಡಿಯುವುದಿಲ್ಲ ಅಂತ ಹಟ ಹಿಡಿದರೆ ಏನಾಗುತ್ತದೆ ಅಂತ ಯೋಚಿಸಿ.

ಮುಂದಿನ ತಿಂಗಳ ಹಾಳೆಯನ್ನೂ ತಿದ್ದಿ. ಕಾದು ಕೂತ ಮದುವೆಗಳೆಲ್ಲ ಒಟ್ಟಿಗೆ ಬರುತ್ತವೆ. ಎಣ್ಣೆ, ಸಾಸಿವೆಯ ಬೆಲೆ ಏರುತ್ತದೆ. ವಾದ್ಯದವನು ಹೇಳಿದ್ದೇ ರೇಟು.

## ಹಂತ 9: ಕರಡನ್ನು ಪರೀಕ್ಷಿಸಿ

ಆ ತಿಂಗಳಲ್ಲಿ ನಡೆಯುವ ಯಾವುದಾದರೂ ಒಂದು ದೃಶ್ಯ ತೆಗೆಯಿರಿ. ತಿಂಗಳ ಹೆಸರನ್ನು ಅಳಿಸಿ. ದೃಶ್ಯ ಒಂದಿಷ್ಟೂ ಬದಲಾಗದೆ ನಿಂತರೆ ಸೂತಕ ಬರೀ ಹೆಸರಿಗೆ ಇದೆ ಅಂತ ಅರ್ಥ. ಪಾತ್ರಗಳು ಏನು ತಿಂದರು, ಹೇಗೆ ಬಂದರು, ಎಷ್ಟು ಜೋರಾಗಿ ಮಾತಾಡಿದರು ಅನ್ನುವುದನ್ನು ಮೂರನೇ ಹಂತದ ಪಟ್ಟಿ ಹಿಡಿದು ತಿದ್ದಿ.

ಆಮೇಲೆ ‘ಶೋಕ’, ‘ದುಃಖ’, ‘ಕಣ್ಣೀರು’ ಎಲ್ಲೆಲ್ಲಿ ಬಂದಿವೆ ಅಂತ ಗುರುತು ಹಾಕಿ. ಒಂದೊಂದನ್ನೂ ತೆಗೆದು, ಆ ಜಾಗದಲ್ಲಿ ನಿಂತುಹೋದ ಒಂದು ವಸ್ತುವನ್ನೋ ಸದ್ದನ್ನೋ ಇಟ್ಟು ನೋಡಿ. ಕೆಲವು ಕಡೆ ಆ ಪದವೇ ಬೇಕಾಗುತ್ತದೆ, ಅಲ್ಲಿ ಬಿಡಿ.

ಕಡೆಗೆ, ಪಟ್ಟಿಯಲ್ಲಿರುವ ಆರೇಳು ವರ್ಷದ ಮಗು ‘ಯಾಕೆ?’ ಅಂತ ಕೇಳಿದಾಗ ಮನೆಯ ಹಿರಿಯರು ಕೊಡುವ ಉತ್ತರವನ್ನು ಎರಡು ಸಾಲಲ್ಲಿ ಬರೆಯಿರಿ. ಆ ಉತ್ತರ ನಿಮ್ಮ ದಂತಕಥೆಯ ಹಾಗೇ ಚೊಕ್ಕಟವಾಗಿದ್ದರೆ ಮತ್ತೆ ಬರೆಯಿರಿ. ಮನೆಯ ಹಿರಿಯರು ಅಷ್ಟು ನೇರವಾಗಿ ಹೇಳುವುದಿಲ್ಲ. ‘ನಮ್ಮಜ್ಜಿನೂ ಹಾಕ್ತಿರ್ಲಿಲ್ಲ, ನಾವೂ ಹಾಕಲ್ಲ. ಹೋಗು, ಕೈ ತೊಳ್ಕೊಂಡು ಬಾ’ ಅನ್ನುತ್ತಾರೆ.